ಕ್ಯಾನನ್ ಸಿ100: ಸಾಕ್ಷ್ಯಚಿತ್ರದ ಕೆಲಸಕ್ಕೆ ಇಳಿಯುವವರಿಗೆ ಈಗಲೂ ಇದೇ ಕ್ಯಾಮೆರಾ

ಸಾಕ್ಷ್ಯಚಿತ್ರದ ಛಾಯಾಗ್ರಹಣ ಕಲಿಯಬೇಕೆಂದು ಬರುವವರು ನನ್ನನ್ನು ಮೊದಲು ಕೇಳುವುದು ಯಾವ ಕ್ಯಾಮೆರಾ ಕೊಳ್ಳಬೇಕು ಎಂದು. ಹಾಸನದ ಪತ್ರಿಕೋದ್ಯಮ ವಿದ್ಯಾರ್ಥಿಗಳು, ಬೇಲೂರು, ಆಲೂರಿನ ಕಡೆ ಮದುವೆ ಚಿತ್ರೀಕರಣ ಮಾಡಿಕೊಂಡಿರುವ ಹುಡುಗರು, ಈಚೆಗೆ ಕೆಲವು ಹುಡುಗಿಯರು, ಎಲ್ಲರದೂ ಇದೇ ಪ್ರಶ್ನೆ. ನನ್ನ ಉತ್ತರ ಕೇಳಿದ ಮೇಲೆ ಹೆಚ್ಚಿನವರು ಸುಮ್ಮನಾಗಿಬಿಡುತ್ತಾರೆ. 2012ರಲ್ಲಿ ಮಾರುಕಟ್ಟೆಗೆ ಬಂದ, 4ಕೆ ಇಲ್ಲದ, ಸ್ಲೋ ಮೋಷನ್ ಇಲ್ಲದ ಕ್ಯಾನನ್ ಸಿ100 ಕ್ಯಾಮೆರಾವನ್ನು ಸೆಕೆಂಡ್ ಹ್ಯಾಂಡ್ ಕೊಳ್ಳಿ ಎನ್ನುತ್ತೇನೆ. ಹೊಸ ಸ್ಕೂಟರ್ ಒಂದರ ಬೆಲೆಗಿಂತ ಕಡಿಮೆ ಹಣಕ್ಕೆ ಸಿಗುವ ಈ ಹಳೆಯ ಕ್ಯಾಮೆರಾದ ಪರವಾಗಿ ಇಷ್ಟು ಹಟ ಏಕೆ ಹಿಡಿಯುತ್ತೇನೆ ಎಂಬುದನ್ನು ಬಿಡಿಸಿ ಬರೆಯುತ್ತಿದ್ದೇನೆ.

ನನ್ನ ತಂದೆ ಸಕಲೇಶಪುರ ತಾಲ್ಲೂಕಿನ ಕಾಫಿ ತೋಟವೊಂದರಲ್ಲಿ ರೈಟರ್, ಅಂದರೆ ಲೆಕ್ಕಪತ್ರ ನೋಡಿಕೊಳ್ಳುವವರು, ಆಗಿದ್ದರು. ನಾನು ಈಗ ಹಾಸನದಲ್ಲಿ ಮನೆ ಮಾಡಿಕೊಂಡಿದ್ದೇನೆ. ನಾನು ನಿರ್ದೇಶಕಿಯಲ್ಲ, ಛಾಯಾಗ್ರಾಹಕಿ. ಬೆಂಗಳೂರಿನಿಂದಲೋ ಮುಂಬೈಯಿಂದಲೋ ನಿರ್ದೇಶಕರು ಆನೆ, ಕಾಫಿ, ಹೊಳೆ, ದೇಗುಲ ಎಂದು ಈ ಕಡೆ ಬಂದಾಗ ಅವರಿಗೆ ಕ್ಯಾಮೆರಾ ಹಿಡಿಯುವುದು ನನ್ನ ವೃತ್ತಿ. ಈ ವೃತ್ತಿಗೆ ಹಿಂದೆ ಒಂದು ಸರ್ಕಾರಿ ನೆಲೆ ಇತ್ತು. 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ ಸಂಬಳ ಕೊಟ್ಟು ಛಾಯಾಗ್ರಾಹಕರನ್ನು ಇಟ್ಟುಕೊಂಡಿತ್ತು. ಕ್ಯಾಮೆರಾ, ಕಚ್ಚಾ ಫಿಲ್ಮು ಎಲ್ಲವೂ ಸಂಸ್ಥೆಯದೇ. 2022ರಲ್ಲಿ ಅದು ಎನ್‌ಎಫ್‌ಡಿಸಿಯಲ್ಲಿ, ಅಂದರೆ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ, ವಿಲೀನವಾಯಿತು. ಇಂದು ಜಿಲ್ಲಾ ಕೇಂದ್ರದಲ್ಲಿದ್ದುಕೊಂಡು ಈ ಕೆಲಸ ಮಾಡುವವರಿಗೆ ಸ್ವಂತ ಕ್ಯಾಮೆರಾ ಇರಲೇಬೇಕು. ದಿನಗೂಲಿಯ ಜೊತೆಗೆ ಕ್ಯಾಮೆರಾದ ಬಾಡಿಗೆಯೂ ಕೈಗೆ ಬಂದರೆ ಮಾತ್ರ ತಿಂಗಳು ದಾಟುತ್ತದೆ. ಸಾಕ್ಷ್ಯಚಿತ್ರದ ಕೆಲಸ ವರ್ಷಪೂರ್ತಿ ಇರುವುದಿಲ್ಲ. ನಡುವೆ ಮದುವೆ, ಗೃಹಪ್ರವೇಶ, ಸ್ವಯಂಸೇವಾ ಸಂಸ್ಥೆಗಳ ವರದಿ ಚಿತ್ರಗಳು ಬರುತ್ತವೆ. ಹೀಗಿರುವಾಗ ಲಕ್ಷಗಟ್ಟಲೆ ಸಾಲ ಮಾಡಿ ಹೊಸ ಕ್ಯಾಮೆರಾ ಕೊಂಡವರಿಗೆ ಆಗುವುದು ಏನೆಂದು ನಾನು ಹತ್ತಿರದಿಂದ ನೋಡಿದ್ದೇನೆ. ಕಂತು ಕಟ್ಟಲು ಮದುವೆಗಳ ಹಿಂದೆಯೇ ಓಡಬೇಕಾಗುತ್ತದೆ. ಯಾರದೋ ಮನೆಯ ಜಗಲಿಯಲ್ಲಿ ಕ್ಯಾಮೆರಾ ಬಿಚ್ಚದೆ ವಾರಗಟ್ಟಲೆ ಕುಳಿತು ಪರಿಚಯ ಬೆಳೆಸಿಕೊಳ್ಳುವ ಬಿಡುವು ಅವರಿಗೆ ಇರುವುದಿಲ್ಲ. ಸಾಕ್ಷ್ಯಚಿತ್ರದ ಅರ್ಧ ಕೆಲಸ ಆ ಜಗಲಿಯಲ್ಲೇ ಆಗುವುದು.

ಇನ್ನು ಕ್ಯಾಮೆರಾ. ಬೆಳಕನ್ನು ಹಿಡಿಯುವ ಇದರ ಸೆನ್ಸರ್ ಸೂಪರ್ 35 ಅಳತೆಯದು, ಅಂದರೆ ಹೆಚ್ಚುಕಡಿಮೆ 35 ಎಂಎಂ ಸಿನಿಮಾ ಫಿಲ್ಮಿನ ಚೌಕಟ್ಟಿನಷ್ಟು, 83 ಲಕ್ಷ ಪಿಕ್ಸೆಲ್‌ಗಳದು. ಅಂದರೆ 3840×2160, ಹೆಚ್ಚುಕಡಿಮೆ 4ಕೆಯಷ್ಟೇ. ಆದರೆ ದಾಖಲಾಗುವುದು 1920×1080, ಅಂದರೆ ಫುಲ್ ಎಚ್‌ಡಿ. ಒಂದು ಕೆಂಪು, ಒಂದು ನೀಲಿ, ಎರಡು ಹಸಿರು ಬಿಂದುಗಳು ಸೇರಿ ಚಿತ್ರದ ಒಂದು ಬಿಂದುವಾಗುತ್ತವೆ. ಹಾಗಾಗಿ ಇದರ ಫುಲ್ ಎಚ್‌ಡಿ, ಅದೇ ಕಾಲದ ಡಿಎಸ್‌ಎಲ್‌ಆರ್‌ಗಳ ಫುಲ್ ಎಚ್‌ಡಿಯಂತೆ ಮಬ್ಬಾಗಿರುವುದಿಲ್ಲ. ಹೆಂಚಿನ ಸಾಲು, ಕಂಬಳಿಯ ನೇಯ್ಗೆ, ವಯಸ್ಸಾದವರ ಕೆನ್ನೆಯ ಸುಕ್ಕು ನಿಚ್ಚಳವಾಗಿ ಬರುತ್ತವೆ. ಚರ್ಮದ ಬಣ್ಣದ ವಿಷಯದಲ್ಲಿ ಕ್ಯಾನನ್‌ಗೆ ಇರುವ ಹೆಸರು ಸುಮ್ಮನೆ ಬಂದದ್ದಲ್ಲ. ನಮ್ಮವರ ಕಪ್ಪು, ಗೋಧಿ ಬಣ್ಣದ ಮುಖಗಳು ಇದರಲ್ಲಿ ಬೂದಿ ಬಳಿದಂತೆ ಕಾಣುವುದಿಲ್ಲ, ಅವುಗಳ ಹೊಳಪು ಉಳಿಯುತ್ತದೆ. ಇಷ್ಟು ಸಾಕು, ಚಿತ್ರದ ಗುಣಮಟ್ಟದ ಬಗ್ಗೆ ಎಲ್ಲರೂ ಬರೆಯುತ್ತಾರೆ. ನನಗೆ ಮುಖ್ಯವಾದದ್ದು ಬೇರೆ.

ಮುಖ್ಯವಾದದ್ದು ಕ್ಯಾಮೆರಾದ ಮೈಮೇಲಿರುವ ಒಂದು ಸಣ್ಣ ಚಕ್ರ, ಎನ್‌ಡಿ ಫಿಲ್ಟರಿನ ಚಕ್ರ. ಅದನ್ನು ತಿರುಗಿಸಿದರೆ ಸೆನ್ಸರಿನ ಮುಂದೆ ಬೂದು ಗಾಜು ಬಂದು ನಿಲ್ಲುತ್ತದೆ: ಎರಡು ಸ್ಟಾಪ್, ನಾಲ್ಕು ಸ್ಟಾಪ್, ಆರು ಸ್ಟಾಪ್. ಒಂದೊಂದು ಸ್ಟಾಪಿಗೂ ಬೆಳಕು ಅರ್ಧವಾಗುತ್ತದೆ. ಆರು ಸ್ಟಾಪ್ ಎಂದರೆ ಬೆಳಕಿನ ಅರವತ್ತನಾಲ್ಕನೇ ಒಂದು ಪಾಲು ಮಾತ್ರ ಒಳಗೆ ಹೋಗುತ್ತದೆ. ಓದುವಾಗ ಇದು ಸಣ್ಣ ಸಂಗತಿಯೆನಿಸಬಹುದು. ಲೆಕ್ಕ ಹಾಕಿ ನೋಡಿ. ನಮ್ಮ ವಿದ್ಯುತ್ ದೀಪಗಳು 50 ಹರ್ಟ್ಸ್‌ನವಾದ್ದರಿಂದ ಸೆಕೆಂಡಿಗೆ 25 ಫ್ರೇಮ್, ಸೆಕೆಂಡಿನ 1/50 ಶಟರ್ ಇಟ್ಟುಕೊಂಡೇ ಕೆಲಸ ಮಾಡಬೇಕು, ಇಲ್ಲದಿದ್ದರೆ ಟ್ಯೂಬ್‌ಲೈಟ್ ಮಿನುಗುತ್ತದೆ. ಈ ಕ್ಯಾಮೆರಾದ ಮೂಲ ಐಎಸ್‌ಒ, ಅಂದರೆ ಬೆಳಕಿಗೆ ಸ್ಪಂದಿಸುವ ಮಟ್ಟ, 850. ಮಧ್ಯಾಹ್ನದ ನೇರ ಬಿಸಿಲಿನಲ್ಲಿ ಈ ಎರಡನ್ನೂ ಇಟ್ಟುಕೊಂಡರೆ ಲೆನ್ಸಿನ ಅಪರ್ಚರ್, ಅಂದರೆ ಬೆಳಕು ಒಳಬರುವ ಕಂಡಿ, ಎಫ್/64ರಷ್ಟು ಮುಚ್ಚಬೇಕು; ಎಫ್ ಸಂಖ್ಯೆ ದೊಡ್ಡದಾದಷ್ಟೂ ಕಂಡಿ ಕಿರಿದು. ನಮ್ಮ ಕೈಗೆ ಸಿಗುವ ಲೆನ್ಸುಗಳು ಎಫ್/22ಕ್ಕೆ ನಿಲ್ಲುತ್ತವೆ. ಆರು ಸ್ಟಾಪಿನ ಗಾಜು ತಂದರೆ ಅದೇ ಬಿಸಿಲು ಎಫ್/8ರಲ್ಲಿ ಕೂರುತ್ತದೆ. ಮಿರರ್‌ಲೆಸ್ ಕ್ಯಾಮೆರಾಗಳಲ್ಲಿ ಸಾಮಾನ್ಯವಾಗಿ ಈ ಗಾಜು ಒಳಗೆ ಇರುವುದಿಲ್ಲ. ಲೆನ್ಸಿನ ಮುಂದೆ ತಿರುಗಿಸಿ ಕೂರಿಸಬೇಕು, ಒಳಗೆ ಬಂದಾಗ ಬಿಚ್ಚಬೇಕು.

ಅದರಿಂದ ಏನಾಗುತ್ತದೆ ಎಂಬುದಕ್ಕೆ ಒಂದು ಪ್ರಸಂಗ ಹೇಳುತ್ತೇನೆ. 2023ರ ಡಿಸೆಂಬರ್‌ನಲ್ಲಿ ಯಸಳೂರು ವಲಯದಲ್ಲಿ ಕಾಡಾನೆ ಸೆರೆಹಿಡಿಯುವ ಕಾರ್ಯಾಚರಣೆಯ ವೇಳೆ ದಸರಾ ಆನೆ ಅರ್ಜುನ ಕಾಡಾನೆಯ ಜೊತೆ ಕಾದಾಡಿ ಸತ್ತ ಮೇಲೆ, ಸಕಲೇಶಪುರ, ಆಲೂರಿನ ಆನೆ ಸಮಸ್ಯೆ ಎಲ್ಲ ಪತ್ರಿಕೆಗಳಲ್ಲೂ ಬಂತು. ಮರುವರ್ಷ ಒಬ್ಬ ನಿರ್ದೇಶಕಿಯೊಂದಿಗೆ ಅಲ್ಲಿನ ತೋಟಗಳ ಲೈನ್ ಮನೆಗಳಲ್ಲಿ, ಅಂದರೆ ಕಾರ್ಮಿಕರ ಸಾಲುಮನೆಗಳಲ್ಲಿ, ಚಿತ್ರೀಕರಿಸುತ್ತಿದ್ದೆ. ಆನೆ ದಾಳಿಯಲ್ಲಿ ಗಂಡನನ್ನು ಕಳೆದುಕೊಂಡ ಒಬ್ಬ ತಾಯಿ ಒಲೆಯ ಮುಂದೆ ಕುಳಿತು ಮಾತನಾಡುತ್ತಿದ್ದರು. ಒಂದೇ ಬಲ್ಬು, ಬಾಗಿಲಿನಿಂದ ಬರುವ ಅಷ್ಟಿಷ್ಟು ಬೆಳಕು. ಐಎಸ್‌ಒ 4000ಕ್ಕೆ ಏರಿಸಿಕೊಂಡಿದ್ದೆ, ಲೆನ್ಸು ಎಫ್/4ಕ್ಕೆ ಪೂರ್ತಿ ತೆರೆದಿತ್ತು. ನಿರ್ದೇಶಕಿ ಕೇಳುತ್ತಿದ್ದ ಪ್ರಶ್ನೆಗೆ ಉತ್ತರಿಸುತ್ತಲೇ ಅವರು ತಟ್ಟನೆ ಎದ್ದು, "ಬಾ ತಾಯಿ, ಜಾಗ ತೋರಿಸುತ್ತೇನೆ" ಎಂದು ಅಂಗಳಕ್ಕೆ ನಡೆದುಬಿಟ್ಟರು. ಹೊರಗೆ ಕಣ್ಣು ಕುಕ್ಕುವ ಬಿಸಿಲು. ನಾನು ಹಿಂದೆಯೇ ನಡೆಯುತ್ತ ಚಕ್ರವನ್ನು ಆರಕ್ಕೆ ತಿರುಗಿಸಿ, ಅಪರ್ಚರನ್ನು ತಾನಾಗಿ ಹೊಂದಿಸುವ ಗುಂಡಿ ಒತ್ತಿದೆ. ಐಎಸ್‌ಒ ಮುಟ್ಟುವ ಅಗತ್ಯವೂ ಬೀಳಲಿಲ್ಲ, ಲೆನ್ಸು ಎಫ್/16ರ ಆಸುಪಾಸಿನಲ್ಲಿ ನಿಂತಿತು. ಹೊಸ್ತಿಲು ದಾಟುವಾಗ ಒಂದು ಕ್ಷಣ ಚಿತ್ರ ಬೆಳ್ಳಗಾಗಿ ಮತ್ತೆ ಸರಿಯಾಯಿತು, ಮಾತು ಎಲ್ಲಿಯೂ ಕಡಿಯಲಿಲ್ಲ. ಆ ತಾಯಿ ಒಳಗಿನ ಒಲೆಯಿಂದ ಬೇಲಿಯ ಅಂಚಿನವರೆಗೆ ನಡೆದು, ಗಂಡ ಬಿದ್ದಿದ್ದ ಜಾಗದಲ್ಲಿ ನಿಂತು, ಅಲ್ಲಿಯೇ ಸುಮ್ಮನಾದದ್ದು ಒಂದೇ ಶಾಟಿನಲ್ಲಿದೆ. ಸಂಕಲನಕಾರರು ಅದನ್ನು ಒಂದು ಕಡೆಯೂ ಕತ್ತರಿಸಲಿಲ್ಲ.

"ಸ್ವಲ್ಪ ಇರಿ ಅಮ್ಮ, ಫಿಲ್ಟರ್ ಹಾಕಿಕೊಳ್ಳುತ್ತೇನೆ" ಎಂದು ಅವರನ್ನು ಹೊಸ್ತಿಲಲ್ಲಿ ನಿಲ್ಲಿಸಿದ್ದರೆ ಅವರು ನಿಲ್ಲುತ್ತಿದ್ದರು. ನಮ್ಮ ಜನ ಅಷ್ಟು ಸಜ್ಜನರು. ಕ್ಯಾಮೆರಾದವರಿಗೆ ತೊಂದರೆಯಾಗಬಾರದೆಂದು ತಮ್ಮ ದುಃಖವನ್ನೂ ತಡೆದು ನಿಲ್ಲುತ್ತಾರೆ. ಹಾಗೆ ನಿಲ್ಲಿಸುವ ಹಕ್ಕು ನಮಗಿಲ್ಲ ಎಂದು ನಾನು ಗಟ್ಟಿಯಾಗಿ ನಂಬಿದ್ದೇನೆ. ಒಂದು ಕ್ಯಾಮೆರಾವನ್ನು ನಾನು ಅಳೆಯುವುದು ಇದೇ ಕೋಲಿನಿಂದ.

ಎರಡನೆಯದು ಧ್ವನಿ. ಕ್ಯಾಮೆರಾದ ಮೇಲಿನ ಹಿಡಿಕೆಯಲ್ಲಿ ವೃತ್ತಿಪರ ಮೈಕುಗಳನ್ನು ಜೋಡಿಸುವ ಎರಡು ಎಕ್ಸ್‌ಎಲ್‌ಆರ್ ಕಿಂಡಿಗಳಿವೆ, ಕೇಬಲಿನ ಮೂಲಕವೇ ಮೈಕಿಗೆ ವಿದ್ಯುತ್ ಕೊಡುವ 48 ವೋಲ್ಟ್ ಫ್ಯಾಂಟಮ್ ಪವರ್ ಇದೆ. ಒಂದಕ್ಕೆ ಕಾಲರ್ ಮೈಕ್, ಇನ್ನೊಂದಕ್ಕೆ ಕ್ಯಾಮೆರಾ ಮೇಲಿನ ಉದ್ದನೆಯ ಮೈಕ್. ಧ್ವನಿಯ ಮಟ್ಟ ಏರಿಸಿ ಇಳಿಸುವ ತಿರುಗುಗುಂಡಿಗಳು ಹೊರಗೇ ಇವೆ, ಮೆನುವಿನೊಳಗೆ ಹುಡುಕಬೇಕಿಲ್ಲ. ಇಲ್ಲಿ ಬರುವ ಸಾಕ್ಷ್ಯಚಿತ್ರಗಳಿಗೆ ಪ್ರತ್ಯೇಕ ಧ್ವನಿಗ್ರಾಹಕರನ್ನು ಕರೆತರುವಷ್ಟು ಹಣ ಇರುವುದು ಅಪರೂಪ. ನಿರ್ದೇಶಕರು ಮತ್ತು ನಾನು, ಇಬ್ಬರೇ. ಆರಿದ್ರಾ, ಪುನರ್ವಸು ಮಳೆಗಳಲ್ಲಿ ತಗಡಿನ ಸೂರಿನ ಕೆಳಗೆ ಮಾತು ಹಿಡಿಯಬೇಕಾದಾಗ ಎರಡು ಮೈಕುಗಳನ್ನು ಬೇರೆ ಬೇರೆ ಮಟ್ಟದಲ್ಲಿ ಇಟ್ಟುಕೊಳ್ಳಲು ಸಾಧ್ಯವಾಗುವುದೇ ದೊಡ್ಡ ಆಸರೆ. ಒಂದು ಎಚ್ಚರಿಕೆ: ಹಿಡಿಕೆ ಬಿಚ್ಚಿದರೆ ಎಕ್ಸ್‌ಎಲ್‌ಆರ್ ಕಿಂಡಿಗಳೂ ಹೋದಂತೆ. ಸೆಕೆಂಡ್ ಹ್ಯಾಂಡ್ ಮಾರುವವರಲ್ಲಿ ಕೆಲವರು ಹಿಡಿಕೆಯಿಲ್ಲದ ಕ್ಯಾಮೆರಾವನ್ನು ಕಡಿಮೆ ಬೆಲೆಗೆ ಕೊಡುತ್ತಾರೆ. ಅದನ್ನು ಮುಟ್ಟಬೇಡಿ. ಮತ್ತು ಹೆಡ್‌ಫೋನ್ ಹಾಕಿಕೊಂಡೇ ಚಿತ್ರೀಕರಿಸಿ. ಮನುಷ್ಯ ಮುಂದೆ ಏನು ಮಾಡಲಿದ್ದಾನೆ ಎಂಬುದು ಕಣ್ಣಿಗಿಂತ ಮೊದಲು ಕಿವಿಗೆ ತಿಳಿಯುತ್ತದೆ; ಉಸಿರು ಬದಲಾಗುತ್ತದೆ, ಮಾತು ತಗ್ಗುತ್ತದೆ, ಆಗ ಫ್ರೇಮು ಹಿಗ್ಗಿಸಬೇಕೋ ಹತ್ತಿರ ಹೋಗಬೇಕೋ ಕೈಗೆ ಗೊತ್ತಾಗುತ್ತದೆ.

ಕಡತಗಳ ಗಾತ್ರದ ಬಗ್ಗೆ ಹೊಸಬರು ಯೋಚಿಸುವುದೇ ಇಲ್ಲ. ಸಿ100 ಸೆಕೆಂಡಿಗೆ ಹೆಚ್ಚೆಂದರೆ 24 ಮೆಗಾಬಿಟ್ ಬರೆಯುತ್ತದೆ. ಗಂಟೆಗೆ ಸುಮಾರು 11 ಜಿಬಿ. ಈಗಿನ 4ಕೆ ಕ್ಯಾಮೆರಾಗಳಲ್ಲಿ ಸೆಕೆಂಡಿಗೆ 250 ಮೆಗಾಬಿಟ್ ಬರೆಯುವ ಮಾದರಿಗಳಿವೆ, ಗಂಟೆಗೆ 110 ಜಿಬಿಗೂ ಹೆಚ್ಚು. ಆರು ತಿಂಗಳ ಚಿತ್ರೀಕರಣವನ್ನು ಎರಡು ಹಾರ್ಡ್ ಡಿಸ್ಕುಗಳಲ್ಲಿ ಪ್ರತ್ಯೇಕ ಪ್ರತಿ ಇಟ್ಟುಕೊಳ್ಳಬೇಕಾದಾಗ ಈ ವ್ಯತ್ಯಾಸ ನಿಮ್ಮ ಜೇಬಿಗೆ ತಿಳಿಯುತ್ತದೆ. ಸಾಮಾನ್ಯ ಎಸ್‌ಡಿ ಕಾರ್ಡು ಸಾಕು, ಎರಡು ಕಾರ್ಡುಗಳಿಗೆ ಒಟ್ಟಿಗೇ ಬರೆಯಬಲ್ಲದು, ಹಾಗಾಗಿ ಒಂದು ಕೆಟ್ಟರೂ ಇನ್ನೊಂದಿದೆ. ಹೆತ್ತೂರು ಹೋಬಳಿಯಲ್ಲಿ ಮಳೆಗಾಲದ ವಿದ್ಯುತ್ ಇಲ್ಲದ ರಾತ್ರಿಗಳಲ್ಲಿ ಹಳೆಯ ಲ್ಯಾಪ್‌ಟಾಪಿನ ಬ್ಯಾಟರಿಯಲ್ಲೇ ಆ ದಿನದ ಕಡತಗಳನ್ನೆಲ್ಲ ನಕಲು ಮಾಡಿ ಮುಗಿಸಬಹುದು. ಕ್ಯಾಮೆರಾದ ದಪ್ಪ ಬ್ಯಾಟರಿಯೂ ಬಹಳ ಹೊತ್ತು ಬಾಳುತ್ತದೆ.

ಹಾಗೆಂದು ಸಿಕ್ಕಿದ್ದೆಲ್ಲ ಚಿತ್ರೀಕರಿಸಬೇಡಿ. 16 ಎಂಎಂ ಕಾಲದಲ್ಲಿ 400 ಅಡಿಯ ರೋಲು ಹನ್ನೊಂದು ನಿಮಿಷಕ್ಕೆ ಮುಗಿಯುತ್ತಿತ್ತು. ಆ ಹನ್ನೊಂದು ನಿಮಿಷಗಳ ಬೆಲೆ ಗೊತ್ತಿದ್ದವರು ಗುಂಡಿ ಒತ್ತುವ ಮೊದಲೇ ಶಾಟು ಎಲ್ಲಿಂದ ಶುರುವಾಗಿ ಎಲ್ಲಿ ಮುಗಿಯಬೇಕೆಂದು ಯೋಚಿಸುತ್ತಿದ್ದರು. ನಮ್ಮ ಮೈಸೂರಿನ ವಿ.ಕೆ. ಮೂರ್ತಿಯವರು ದಾದಾ ಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತವರು. ಅವರದು ಕಥಾಚಿತ್ರಗಳ ಲೋಕ, ನಮ್ಮದು ಬೇರೆ. ಆದರೂ ಬೆಳಕು ಎಲ್ಲಿಂದ ಬರುತ್ತಿದೆ ಎಂದು ಮೊದಲು ನೋಡುವ ಶಿಸ್ತು ಎರಡು ಲೋಕಗಳಿಗೂ ಒಂದೇ. ಸತ್ಯಜಿತ್ ರಾಯ್ ಅವರ ಛಾಯಾಗ್ರಾಹಕ ಸುಬ್ರತ ಮಿತ್ರ 1950ರ ದಶಕದಲ್ಲೇ ಸೆಟ್ಟಿನ ಮೇಲೆ ಬಿಳಿ ಬಟ್ಟೆ ಬಿಗಿದು, ದೀಪದ ಬೆಳಕನ್ನು ಅದಕ್ಕೆ ಹೊಡೆದು, ತೆರೆದ ಆಕಾಶದ ಮೃದು ಬೆಳಕನ್ನು ಸೃಷ್ಟಿಸಿದ್ದರು. ನಾನು ಲೈನ್ ಮನೆಗಳಲ್ಲಿ ಬಾಗಿಲ ಬೆಳಕನ್ನು ತಿರುಗಿಸಲು ಬಿಳಿ ಪಂಚೆ ಕಟ್ಟುತ್ತೇನೆ. ಸಿ100ಗೆ ಅಷ್ಟು ಬೆಳಕು ಧಾರಾಳವಾಗಿ ಸಾಕು. ಎಲ್‌ಇಡಿ ದೀಪ ಬಿಚ್ಚಿ, ನೆರೆಹೊರೆಯವರನ್ನೆಲ್ಲ ಸೇರಿಸಿ, ಆ ಮನೆಯನ್ನು ಸಿನಿಮಾ ಸೆಟ್ಟು ಮಾಡುವ ಪ್ರಮೇಯವೇ ಬರುವುದಿಲ್ಲ.

ಈಗ ಕುಂದುಗಳು. ದೊಡ್ಡ ಕುಂದು ನಮ್ಮ ಊರಿನ ಮಂಜಿನಲ್ಲೇ ಎದ್ದು ಕಾಣುತ್ತದೆ. ಇದು 8 ಬಿಟ್ ದಾಖಲಿಸುವ ಕ್ಯಾಮೆರಾ. ಪ್ರತಿ ಬಣ್ಣಕ್ಕೆ 256 ಮೆಟ್ಟಿಲು ಮಾತ್ರ. ಮುಳ್ಳಯ್ಯನಗಿರಿಯ ಮೇಲೆ ಬೆಳಗಿನ ಆಕಾಶ, ಚಾರ್ಮಾಡಿಯಲ್ಲಿ ಬೆಟ್ಟದಿಂದ ಬೆಟ್ಟಕ್ಕೆ ತೆಳುವಾಗುತ್ತ ಹೋಗುವ ಮಂಜು, ಇಂತಹ ನವುರಾದ ಇಳಿತಗಳಲ್ಲಿ ಬಣ್ಣ ತಿದ್ದಲು ಹೊರಟರೆ ಪಟ್ಟೆಪಟ್ಟೆಯಾಗಿ ಒಡೆಯುತ್ತದೆ. ಬಿಸಿಲು, ನೆರಳು ಎರಡರ ವಿವರವೂ ಉಳಿಯಲೆಂದು ಚಿತ್ರವನ್ನು ಸಪ್ಪೆಯಾಗಿ ದಾಖಲಿಸುವ ಕ್ಯಾನನ್ ಲಾಗ್ ಎಂಬ ಮಾದರಿ ಇಟ್ಟುಕೊಂಡು ಚಿತ್ರೀಕರಿಸಿದರೆ ಇನ್ನೂ ಹೆಚ್ಚು ಒಡೆಯುತ್ತದೆ. ಏಕೆಂದರೆ ಲಾಗ್ ಚಿತ್ರವನ್ನು ಆಮೇಲೆ ಎಳೆದು ಹಿಗ್ಗಿಸಲೇಬೇಕು. ಮಂಜಿನ ದಿನ ನಾನು ವೈಡ್ ಡಿಆರ್ ಎಂಬ ಇನ್ನೊಂದು ಮಾದರಿಗೆ ಬದಲಿಸಿಕೊಳ್ಳುತ್ತೇನೆ. ಅದರಲ್ಲಿ ತಿದ್ದುವ ಕೆಲಸ ಕಡಿಮೆ. ಹೂಮಳೆ ಬಿದ್ದು ಮಾರ್ಚಿನಲ್ಲಿ ತೋಟವೆಲ್ಲ ಕಾಫಿ ಹೂವಿನಿಂದ ಬೆಳ್ಳಗಾದಾಗ, ಸಿಲ್ವರ್ ಓಕ್‌ಗಳ ನಡುವಿನಿಂದ ಬಿಸಿಲು ಬೀಳುವಾಗ ಮಾತ್ರ ಲಾಗ್ ಬೇಕೇ ಬೇಕು. ಬಿಳಿ ಹೂವಿನ ವಿವರವನ್ನೂ ನೆರಳಿನ ಎಲೆಯನ್ನೂ ಒಟ್ಟಿಗೆ ಹಿಡಿದಿಡುವುದು ಅದೇ. ಹೊರಗಿನ ರೆಕಾರ್ಡರ್ ಜೋಡಿಸಿದರೆ ಮಂಜು ಸರಿಯಾಗುತ್ತದೆ ಎಂದು ಹೇಳುವವರಿದ್ದಾರೆ. ರೆಕಾರ್ಡರಿಗೆ ಎಚ್‌ಡಿಎಂಐ ಕಿಂಡಿಯಿಂದ ಬರುವುದೂ 8 ಬಿಟ್ಟೇ. ಬಣ್ಣದ ಅಂಚುಗಳು ಸ್ವಲ್ಪ ಸುಧಾರಿಸುತ್ತವೆ, ಪಟ್ಟೆ ಹೋಗುವುದಿಲ್ಲ.

ಕಣ್ಣಿಟ್ಟು ನೋಡುವ ವ್ಯೂಫೈಂಡರ್ ತೀರ ಚಿಕ್ಕದು, ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ. ಹಿಂಭಾಗದ ಪರದೆಯೇ ಗತಿ. ಅದೂ ಬಿಸಿಲಿನಲ್ಲಿ ಮಸುಕಾಗುತ್ತದೆ, ಒಂದು ಮರೆ ಕಟ್ಟಿಕೊಳ್ಳಬೇಕು. ಫೋಕಸ್ಸಿನ ಅಂಚುಗಳಿಗೆ ಬಣ್ಣ ತೋರಿಸುವ ಪೀಕಿಂಗ್ ಮತ್ತು ಬೆಳಕಿನ ಮಟ್ಟವನ್ನು ಗೆರೆಗಳಲ್ಲಿ ತೋರಿಸುವ ವೇವ್‌ಫಾರ್ಮ್ ಎರಡೂ ಇರುವುದರಿಂದ ಕೆಲಸ ನಡೆಯುತ್ತದೆ. ಆಟೋಫೋಕಸ್ ಬೇಕೆನ್ನುವವರು ಇನ್ನೊಂದು ಸಂಗತಿ ವಿಚಾರಿಸಿ. 2014ರಲ್ಲಿ ಕಂಪನಿಯೇ ಹಣ ಪಡೆದು ಈ ಕ್ಯಾಮೆರಾಗಳಿಗೆ ಸೆನ್ಸರಿನ ಬಿಂದುಗಳಿಂದಲೇ ಫೋಕಸ್ ಹುಡುಕುವ ಡ್ಯುಯಲ್ ಪಿಕ್ಸೆಲ್ ಆಟೋಫೋಕಸ್ ಜೋಡಿಸಿಕೊಡುತ್ತಿತ್ತು. ಅದಾಗಿರುವ ಕ್ಯಾಮೆರಾ ಸಿಕ್ಕರೆ ಸ್ವಲ್ಪ ಹೆಚ್ಚು ಕೊಟ್ಟಾದರೂ ಅದನ್ನೇ ಕೊಳ್ಳಿ. ಅದೇ ವರ್ಷದ ಕೊನೆಗೆ ಬಂದ, ಇದೇ ಕ್ಯಾಮೆರಾದ ಮುಂದಿನ ಆವೃತ್ತಿಯಾದ ಮಾರ್ಕ್ 2ರಲ್ಲಿ ಅದು ಮೊದಲಿನಿಂದಲೇ ಇದೆ, ವ್ಯೂಫೈಂಡರ್ ಉತ್ತಮವಾಗಿದೆ, ಸೆಕೆಂಡಿಗೆ 50 ಫ್ರೇಮ್ ಕೂಡ ಇದೆ. ಹಣ ಹೊಂದುವುದಾದರೆ ಮಾರ್ಕ್ 2 ಒಳ್ಳೆಯದು, ಹೊಂದದಿದ್ದರೆ ಕೊರಗಬೇಡಿ.

4ಕೆ ಇಲ್ಲದಿರುವುದರಿಂದ ಕೆಲವು ಬಾಗಿಲುಗಳು ಮುಚ್ಚಿರುತ್ತವೆ. ದೊಡ್ಡ ಒಟಿಟಿ ಸಂಸ್ಥೆಗಳು 4ಕೆ ಕೇಳುತ್ತವೆ. 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರದ ಹೊಯ್ಸಳ ದೇಗುಲಗಳು ಯುನೆಸ್ಕೊ ಪಟ್ಟಿಗೆ ಸೇರಿದ ಮೇಲೆ ಶಿಲ್ಪಗಳ ಚಿತ್ರೀಕರಣಕ್ಕೆಂದು ನನ್ನನ್ನು ಕರೆಯುವವರೂ 4ಕೆಯನ್ನೇ ಕೇಳುತ್ತಾರೆ. ಅದು ನ್ಯಾಯವೇ: ಬಳಪದ ಕಲ್ಲಿನ ಮೇಲಿನ ಸರಪಳಿ, ಬಳೆ, ಉಗುರಿನಷ್ಟು ಸಣ್ಣ ಕೆತ್ತನೆಗೆ ಹೆಚ್ಚಿನ ವಿವರ ಬೇಕು. ಅಂತಹ ಕೆಲಸಕ್ಕೆ ನಾನು ಬೆಂಗಳೂರಿನಿಂದ ಬಾಡಿಗೆಗೆ ತರಿಸುತ್ತೇನೆ, ಬಾಡಿಗೆಯನ್ನು ಅವರ ಲೆಕ್ಕಕ್ಕೇ ಬರೆಯುತ್ತೇನೆ. ನಿತ್ಯದ ಕೆಲಸಕ್ಕೆ ಸ್ವಂತದ್ದು, ವಿಶೇಷಕ್ಕೆ ಬಾಡಿಗೆಯದು.

ಈ ಕ್ಯಾಮೆರಾ ಮಳೆಗೆ ಒಡ್ಡುವಂಥದ್ದಲ್ಲ. ಮಲೆನಾಡಿನಲ್ಲಿ ಬಳಸುವವರು ಮಳೆ ಕವಚವನ್ನು ಕ್ಯಾಮೆರಾದ ಜೊತೆಗೇ ಕೊಳ್ಳಬೇಕು. ಅದಕ್ಕಿಂತ ದೊಡ್ಡ ಶತ್ರು ಬೂಷ್ಟು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಇಲ್ಲಿನ ತೇವದಲ್ಲಿ ಲೆನ್ಸಿನ ಗಾಜಿನ ಮೇಲೆ ಜೇಡರ ಬಲೆಯ ಎಳೆಯಂತೆ ಅದು ಹಬ್ಬುತ್ತದೆ, ಬಿಟ್ಟರೆ ಗಾಜಿನ ಲೇಪವನ್ನೇ ತಿನ್ನುತ್ತದೆ. ಗಾಳಿಯಾಡದ ಪ್ಲಾಸ್ಟಿಕ್ ಡಬ್ಬಿ, ಒಳಗೆ ಸಿಲಿಕಾ ಜೆಲ್, ಒಂದು ಅಗ್ಗದ ತೇವಮಾಪಕ. ಮುಳ್ಳು 40ರಿಂದ 50ರ ನಡುವೆ ಇರಲಿ. ಜೆಲ್ಲಿನ ನೀಲಿ ಹರಳು ಗುಲಾಬಿಯಾದರೆ ತೇವ ಕುಡಿದು ತುಂಬಿದೆ ಎಂದರ್ಥ, ಅಡುಗೆಗೆ ಬಳಸದ ಬಾಣಲೆಯಲ್ಲಿ ಸಣ್ಣ ಉರಿಯ ಮೇಲೆ ಒಣಗಿಸಿ ಮತ್ತೆ ಬಳಸಬಹುದು. ಚರ್ಮದ ಚೀಲದಲ್ಲಿ ಮಾತ್ರ ಲೆನ್ಸು ಇಡಬೇಡಿ. ಕಾಲಿಗೆ ಹತ್ತುವ ಇಂಬಳಕ್ಕೆ ಹೊಗೆಸೊಪ್ಪೋ ಸುಣ್ಣವೋ ಇದೆ, ಲೆನ್ಸಿಗೆ ಹತ್ತಿದ ಬೂಷ್ಟಿಗೆ ಬೆಂಗಳೂರಿನವರೆಗೂ ಹೋಗಬೇಕು.

ಕೊಳ್ಳುವಾಗ ಹಗಲಿನಲ್ಲೇ ಹೋಗಿ ನೋಡಿ. ಎನ್‌ಡಿ ಚಕ್ರದ ಪ್ರತಿ ಹಂತದಲ್ಲೂ ಆಕಾಶಕ್ಕೆ ಹಿಡಿದು ಕಲೆಗಳಿವೆಯೇ ಪರೀಕ್ಷಿಸಿ. ಎರಡು ಎಕ್ಸ್‌ಎಲ್‌ಆರ್ ಕಿಂಡಿಗಳಿಗೂ ಒಂದೇ ಮೈಕನ್ನು ಸರದಿಯಂತೆ ಹಾಕಿ ಕೇಳಿ, ಕೇಬಲನ್ನು ಅಲುಗಾಡಿಸಿ ಗರಗರ ಸದ್ದು ಬಂದರೆ ಬೇಡ ಎನ್ನಿ. ಲೆನ್ಸಿಗೆ ಮುಚ್ಚಳ ಹಾಕಿ, ಐಎಸ್‌ಒ ಏರಿಸಿ, ಬಿಳಿ ಚುಕ್ಕೆಗಳು ಕಂಡರೆ, ಕಪ್ಪನ್ನು ಸರಿಹೊಂದಿಸುವ ಬ್ಲ್ಯಾಕ್ ಬ್ಯಾಲೆನ್ಸ್ ಮಾಡಿಸಿ ಮತ್ತೆ ನೋಡಿ. ಲೆನ್ಸಿಗೆ ಕ್ಯಾನನ್ 24–105 ಎಂಎಂ ಎಫ್/4 ಜೂಮ್ ಹಳೆಯದು ಸಾಕು, ಒಂದರಲ್ಲೇ ವರ್ಷ ಕಳೆಯಬಹುದು. ಉಳಿದ ಹಣವನ್ನು ಒಳ್ಳೆಯ ಕಾಲರ್ ಮೈಕ್ ಮತ್ತು ಭಾರವಾದ ಟ್ರೈಪಾಡಿಗೆ ಹಾಕಿ. ಆಮೇಲೂ ಹಣ ಮಿಕ್ಕರೆ ಬಸ್ಸಿನ ಖರ್ಚಿಗಿರಲಿ.

ಮದುವೆಯ ಕೆಲಸವೇ ಮುಖ್ಯವಾಗಿರುವವರಿಗೆ ನಾನು ಇದನ್ನು ಹೇಳುವುದಿಲ್ಲ. ಅವರಿಗೆ ಸ್ಲೋ ಮೋಷನ್ ಬೇಕು, ಗಿರಾಕಿ 4ಕೆ ಕೇಳುತ್ತಾನೆ. ವನ್ಯಜೀವಿ ಚಿತ್ರೀಕರಣಕ್ಕೆ ಹೋಗುವವರಿಗೂ ಇದು ಹೊಂದುವುದಿಲ್ಲ. ಮನುಷ್ಯರ ಮನೆಗಳೊಳಗೆ ಹೋಗಿ, ಅವರ ಜೊತೆ ಕುಳಿತು, ಅವರು ಎದ್ದರೆ ಎದ್ದು, ನಡೆದರೆ ಹಿಂದೆ ನಡೆಯಬೇಕೆಂದಿರುವವರಿಗಾಗಿ ಇದನ್ನು ಬರೆದಿದ್ದೇನೆ. ಅಂಥವರು ದುಡ್ಡು ಕೊಡುವ ಮೊದಲು ಹಾಸನಕ್ಕೆ ಬಂದು ನನ್ನ ಸಿ100 ಹಿಡಿದು ನೋಡಬಹುದು. ಅರಕಲಗೂಡಿನಿಂದ ಬರುತ್ತಿರುವ ಒಬ್ಬ ಹುಡುಗಿ ಈಗಾಗಲೇ ಭಾನುವಾರಗಳಂದು ಅದರಲ್ಲಿ ಅಭ್ಯಾಸ ಮಾಡುತ್ತಿದ್ದಾಳೆ, ಅವಳ ಸರದಿ ಮುಗಿದ ಮೇಲೆ ಕೊಡುತ್ತೇನೆ.